ಲಾಗ್‌ಬುಕ್ ಆಮೇಲೆ, ಮೊದಲು ಜಾಹೀರಾತು ತೋರಿಸಿ

ಹಾಸನದ ಕೋರ್ಟಿನಲ್ಲಿ ನನ್ನ ಪಾಲಿಗೆ ಬರುವುದು ಹೆಚ್ಚಾಗಿ ಪಾಲು ವಿಭಾಗದ ದಾವೆ, ಭೂಸ್ವಾಧೀನದ ಪರಿಹಾರ, ಆಗೊಮ್ಮೆ ಈಗೊಮ್ಮೆ ನೇಮಕಾತಿ ತಕರಾರು. ಊರ ಪಕ್ಕದ ಬೂವನಹಳ್ಳಿಯಲ್ಲಿ ವಿಮಾನ ನಿಲ್ದಾಣವಾಗಿ ವಿಮಾನ ಇಳಿಯುವುದನ್ನು ಕಾದೂ ಕಾದೂ ಒಂದು ತಲೆಮಾರೇ ಮುದುಕಾಯಿತು. ಪೈಲಟ್ ನೇಮಕಾತಿಯ ಜಗಳ ಮಾತ್ರ ಅದಕ್ಕೂ ಮುಂಚೆ ನನ್ನ ಮೇಜಿಗೆ ಬಂತು.

ಬಂದವರು ಸಕಲೇಶಪುರದ ಕಡೆಯ ಕಾಫಿ ಬೆಳೆಗಾರರು, ಜೊತೆಗೆ ಮಗ. ತೋಟದ ಮೇಲೆ ಸಾಲ ತೆಗೆದು ತರಬೇತಿ ಕೊಡಿಸಿದ್ದರು. ಹುಡುಗ ಲಾಗ್‌ಬುಕ್ ಬಿಡಿಸಿಟ್ಟ. ಸಾಲುಸಾಲಿಗೂ ದಿನಾಂಕ, ವಿಮಾನದ ನೋಂದಣಿ ಅಕ್ಷರಗಳು, ಹಾರಿದ ಗಂಟೆ-ನಿಮಿಷ, ಪುಟದ ಕೆಳಗೆ ಮೊತ್ತ. ಕಮರ್ಷಿಯಲ್ ಪೈಲಟ್ ಲೈಸೆನ್ಸಿಗೆ ಬೇಕಾದ 200 ಗಂಟೆ ದಾಟಿತ್ತು. ಪರೀಕ್ಷೆ ಪಾಸು, ಪೈಲಟ್‌ಗಳಿಗೆ ಮಾಡುವ ಕ್ಲಾಸ್ 1 ಮೆಡಿಕಲ್ ತಪಾಸಣೆಯೂ ಆಗಿತ್ತು. ಆದರೆ ಲೈಸೆನ್ಸ್ ಸಿಕ್ಕಿದ್ದು ವಿಮಾನ ಕಂಪನಿಯ ಕೆಲಸದ ಅರ್ಜಿಗೆ ಕೊನೆ ದಿನಾಂಕ ಕಳೆದ ಮೇಲೆ. ಅರ್ಜಿ ತಿರಸ್ಕೃತ.

"ಎಲ್ಲಾ ಮುಗ್ಸಿದಾನೆ ಸಾರ್. ಕಾಗ್ದ ತಡ ಆದ್ರೆ ಅವ್ನದೇನ್ ತಪ್ಪು?" ಎಂದರು ಅಪ್ಪ.

ಕೇಳಲು ನ್ಯಾಯವಾದ ಮಾತೇ. 1980ರ ಚಾರ್ಲ್ಸ್ ಸ್ಕಾರಿಯಾ ತೀರ್ಪಿನಲ್ಲಿ ಸುಪ್ರೀಂ ಕೋರ್ಟ್ ಹೆಚ್ಚುಕಮ್ಮಿ ಇದನ್ನೇ ಹೇಳಿದೆ: ಡಿಪ್ಲೊಮಾ ಗಡುವಿನೊಳಗೆ ಪಾಸಾಗಿದ್ದರೆ ಸರಿ, ಸರ್ಟಿಫಿಕೇಟ್ ಆಮೇಲೆ ಬರಲಿ. ತೊಡಕಿರುವುದು ಇಲ್ಲೇ. ಡಿಪ್ಲೊಮಾದಲ್ಲಿ ಪಾಸಾಗುವುದೇ ಅರ್ಹತೆ, ಕಾಗದ ಬರೀ ಪುರಾವೆ. ಪೈಲಟ್‌ಗೆ ಹಾಗಲ್ಲ. ಗಂಟೆ, ಪರೀಕ್ಷೆ, ಮೆಡಿಕಲ್ ಎಲ್ಲ ಸೇರಿ ಲೈಸೆನ್ಸ್ ಕೇಳುವ ಹಕ್ಕು ಬರುತ್ತದೆ, ಅಷ್ಟೆ. ಲೈಸೆನ್ಸ್ ಇಲ್ಲದೆ ಆತ ಬಾಡಿಗೆ ಪ್ರಯಾಣಿಕರನ್ನು ಕೂರಿಸಿಕೊಂಡು ಹಾರುವಂತಿಲ್ಲ. ಜಾಹೀರಾತು ಕೇಳಿದ್ದೂ 'ಚಾಲ್ತಿಯಲ್ಲಿರುವ ಲೈಸೆನ್ಸ್'. ಸಂದರ್ಶನದ ಹೊತ್ತಿಗೆ ಬಂದಿತ್ತಲ್ಲ ಎಂಬ ವಾದವೂ ನಿಲ್ಲದು. ಅಶೋಕ್ ಕುಮಾರ್ ಶರ್ಮಾ ಪ್ರಕರಣದಲ್ಲಿ, ಕೊನೆ ದಿನಾಂಕದ ನಂತರ ಫಲಿತಾಂಶ ಬಂದ ಎಂಜಿನಿಯರುಗಳ ಪರ ಮೊದಲು ತೀರ್ಪಾಗಿತ್ತು. 1997ರಲ್ಲಿ ಅದೇ ಸುಪ್ರೀಂ ಕೋರ್ಟ್ ಆ ನಿಲುವನ್ನು ತಪ್ಪೆಂದಿತು.

ಇನ್ನು, ಕೇಸು ಯಾರ ಮೇಲೆ? ರಿಟ್ ಹಾಕಬೇಕಾದರೆ ಎದುರಿಗೆ ಸರ್ಕಾರದಂಥ ಸಂಸ್ಥೆ ಇರಬೇಕು. ಏರ್ ಇಂಡಿಯಾ 2022ರ ಜನವರಿಯಲ್ಲಿ ಟಾಟಾ ಪಾಲಾಯಿತು. ಹಾಗಾಗಿ ಅದರ ವಿರುದ್ಧ ನೌಕರಿ ವಿಷಯದ ರಿಟ್ ನಡೆಯದು ಎಂದು 2024ರಲ್ಲಿ ಸುಪ್ರೀಂ ಕೋರ್ಟ್ ಹೇಳಿತು, ಅದೂ ಸರ್ಕಾರಿ ಕಾಲದಲ್ಲೇ ರಿಟ್ ಹಾಕಿದ್ದವರಿಗೆ. ಹುಡುಗ ಕೆಲಸಕ್ಕೆ ಅರ್ಜಿ ಹಾಕಿದ್ದು ಮೊದಲಿಂದಲೂ ಖಾಸಗಿಯಾಗಿದ್ದ ಕಂಪನಿಗೆ. ಸಂವಿಧಾನದ ಸಮಾನ ಅವಕಾಶದ ಅನುಚ್ಛೇದಗಳನ್ನು ಅಲ್ಲಿ ಓದಿ ಹೇಳಿದರೆ ಕೇಳುವವರಿಲ್ಲ.

ಕಡೆಗೆ ಅರ್ಜಿಯ ಪ್ರತಿ ತೆಗೆಸಿ ನೋಡಿದೆ. 'ಚಾಲ್ತಿ ಲೈಸೆನ್ಸ್ ಇದೆಯೇ' ಎಂಬಲ್ಲಿ ಹೌದು ಎಂದು ಟಿಕ್ ಬಿದ್ದಿತ್ತು. ಇನ್ನೇನು ಬಂದೇಬಿಡುತ್ತೆ ಅಂತ ಹಾಕಿದ್ದನಂತೆ. ನನಗೆ ತಿರಸ್ಕಾರಕ್ಕಿಂತ ಇದೇ ಹೆಚ್ಚು ದಿಗಿಲಾಯಿತು. ಕೇಸು ಹಾಕಿದರೆ ಎದುರಿನವರು ಮೊದಲು ಎತ್ತುವುದೇ ಆ ಟಿಕ್ಕನ್ನು. ಸುಳ್ಳು ಮಾಹಿತಿ ಕೊಟ್ಟವನೆಂಬ ಹೆಸರು ಬಿದ್ದರೆ ಮುಂದಿನ ಕಂಪನಿಯೂ ಕೇಳುತ್ತದೆ.

"ಒಂದು ಟಿಕ್ಕಿಗೆ ಇಷ್ಟೆಲ್ಲಾ ಇದ್ಯಾ ಸಾರ್?"

"ಇದೆ ಗೌಡ್ರೇ."

ವಕಾಲತ್ತು ಹಾಕಿಸಲಿಲ್ಲ. ಲೈಸೆನ್ಸ್ ಸಿಕ್ಕ ದಿನಾಂಕ ತಿಳಿಸಿ, ಅರ್ಜಿಯಲ್ಲಿದ್ದ ಮಾಹಿತಿ ಸರಿಯಿರಲಿಲ್ಲವೆಂದು ಒಪ್ಪಿ ಕಂಪನಿಗೆ ಹುಡುಗನಿಂದಲೇ ಇಮೇಲ್ ಬರೆಸಿದೆ. ಅಪ್ಪನಿಗೆ ಅಷ್ಟಾಗಿ ಸಮಾಧಾನವಾದಂತೆ ಕಾಣಲಿಲ್ಲ. ಫೀಸು ಎಷ್ಟು ಅಂತ ಮಾತ್ರ ಕೇಳಿದರು.