ಅಜ್ಜಿಯ ನಡಿಗೆ: ಮತ್ತೆ ಮೊದಲಿಂದ

ಅಜ್ಜಿಯ ಬಗ್ಗೆ ನಾನು ಚಿತ್ರ ಬರೆದು ಮಾಡುತ್ತಿರೋ ಅನಿಮೇಷನ್ ಸಿನಿಮಾ ಈ ತಿಂಗಳು ಮುಂದೆ ಹೋಗಿದ್ದಕ್ಕಿಂತ ಹಿಂದೆ ಹೋಗಿದ್ದೇ ಜಾಸ್ತಿ. ಅಜ್ಜಿ ಅಂಗಳ ದಾಟಿ ಬರೋ ಎಂಟು ಸೆಕೆಂಡಿನ ಶಾಟ್ ಮುಗಿಸಿಟ್ಟಿದ್ದೆ, ಸೆಕೆಂಡಿಗೆ 12ರ ಲೆಕ್ಕದಲ್ಲಿ 96 ಚಿತ್ರ. ಅಷ್ಟೂ ಈಗ ಪಕ್ಕಕ್ಕೆ.

ಆಗಿದ್ದಿಷ್ಟು. ಅಜ್ಜಿ ಓಡಾಡೋದು ಸಿಗೋದು ಒಂದೇ ಒಂದು ಸೂಪರ್ 8 ರೀಲಿನಲ್ಲಿ, ಅಂದರೆ ಹಿಂದೆ ಮನೆಗಳಲ್ಲಿ ಬಳಸುತ್ತಿದ್ದ ಸಣ್ಣ ಫಿಲ್ಮಿನಲ್ಲಿ. ಅದನ್ನು ಎಷ್ಟೋ ವರ್ಷದ ಹಿಂದೆ ಯಾರೋ ವಿಡಿಯೋ ಕ್ಯಾಸೆಟ್ಟಿಗೆ ಇಳಿಸಿಕೊಟ್ಟಿದ್ದರು. ಮನೆಯವರೆಲ್ಲ ನೋಡುತ್ತಾ ಬಂದಿದ್ದು ಆ ಕ್ಯಾಸೆಟ್ಟನ್ನೇ. ಅದರಲ್ಲಿ ಅಜ್ಜಿ ಪಟಪಟ ಅಂತ ನಡೆಯುತ್ತಾಳೆ. ಕಾಲಿಗೆ ಚಕ್ರ ಕಟ್ಟಿಕೊಂಡೇ ಹುಟ್ಟಿದವಳು ಅಂತ ಎಲ್ಲರ ಬಾಯಲ್ಲೂ ಒಂದೇ ಮಾತು. ನಾನು ಅಜ್ಜಿಯನ್ನು ನೋಡಿಯೇ ಇಲ್ಲ, ಅವರು ಹೇಳಿದ್ದನ್ನೇ ಬರೆದೆ.

ಹೋದ ವಾರ ಮೂಲ ರೀಲನ್ನೇ ಒಂದೊಂದು ಫ್ರೇಮಾಗಿ, ಅಂದರೆ ಒಂದೊಂದು ಬಿಡಿ ಚಿತ್ರವಾಗಿ, ಸ್ಕ್ಯಾನ್ ಮಾಡಿಸಿದೆ. 50 ಅಡಿ ರೀಲು, ಅಡಿಗೆ 72 ಫ್ರೇಮ್, ಒಟ್ಟು ಹತ್ತಿರ ಹತ್ತಿರ 3600. ಕ್ಯಾಸೆಟ್ಟಿನಲ್ಲಿ ಅದು ಎರಡೂವರೆ ನಿಮಿಷಕ್ಕೇ ಮುಗಿದುಹೋಗುತ್ತೆ, ಅಂದರೆ ಸೆಕೆಂಡಿಗೆ 24 ಫ್ರೇಮ್. ಮನೆಬಳಕೆಯ ಸೂಪರ್ 8 ಕ್ಯಾಮೆರಾ ಸಾಮಾನ್ಯವಾಗಿ ಓಡುತ್ತಿದ್ದದ್ದು 18ರಲ್ಲಿ. ಆ ವೇಗಕ್ಕೆ ಇದೇ ರೀಲು 3 ನಿಮಿಷ 20 ಸೆಕೆಂಡ್ ಬರಬೇಕು.

ಆದರೆ 24ಕ್ಕೆ ಇಡೋ ಕ್ಯಾಮೆರಾಗಳೂ ಇದ್ದವಲ್ಲ, ಹೇಗೆ ಹೇಳೋದು? ಎರಡು ದಿನ ತಲೆ ಕೆರೆದುಕೊಂಡೆ. ಆಮೇಲೆ ಕಣ್ಣಿಗೆ ಬಿತ್ತು, ರೀಲಿನ ಮೂಲೆಯಲ್ಲಿ ದೊಡ್ಡಪ್ಪ ಚೆಂಡು ಹಿಡಿದು ನಿಂತಿದ್ದಾರೆ, ಆಮೇಲೆ ಅದನ್ನು ಕೆಳಕ್ಕೆ ಬಿಡುತ್ತಾರೆ. ಚೆಂಡು ಪುಟಿಸೋದು ಅನಿಮೇಷನ್ ಕಲಿಯೋರ ಮೊದಲ ಪಾಠ, ಅದನ್ನು ನಾನು ಎಷ್ಟು ಸಲ ಬರೆದಿದ್ದೀನೋ ಲೆಕ್ಕವಿಲ್ಲ. ಸುಮಾರು 1.2 ಮೀಟರ್ ಎತ್ತರದಿಂದ ಬಿಟ್ಟ ಚೆಂಡು ನೆಲ ಮುಟ್ಟೋಕೆ ಅರ್ಧ ಸೆಕೆಂಡ್ ಬೇಕು. 24ರಲ್ಲಿ ತೆಗೆದಿದ್ದರೆ 12 ಫ್ರೇಮ್, 18 ಆದರೆ 9. ಬೆರಳಿಟ್ಟು ಎಣಿಸಿದೆ. ಒಂಬತ್ತು.

ಅಂದರೆ ಇಷ್ಟು ವರ್ಷ ಅಜ್ಜಿಯನ್ನು ಮೂರನೇ ಒಂದು ಪಾಲು ಜಾಸ್ತಿ ವೇಗದಲ್ಲಿ ಓಡಿಸಿದ್ದೀವಿ.

ಸರಿಯಾದ ವೇಗಕ್ಕೆ ಹಾಕಿ ಅತ್ತೆಗೆ ತೋರಿಸಿದೆ. ಸ್ವಲ್ಪ ಹೊತ್ತು ಸುಮ್ನೆ ನೋಡಿದರು. "ಇದ್ಯಾಕೋ ಅಮ್ಮನ ತರ ಇಲ್ಲ ಕಣೇ. ಹುಷಾರಿಲ್ಲದವಳ ಹಾಗೆ ನಡೀತಿದ್ದಾಳೆ" ಅಂದರು. ಅಜ್ಜಿ ಹೋದಾಗ ಅತ್ತೆಗೆ ಆರು ವರ್ಷ. ಅವರಿಗೆ ನೆನಪಿರೋದು ಅಮ್ಮನೋ ಕ್ಯಾಸೆಟ್ಟೋ ಅಂತ ಕೇಳೋ ಧೈರ್ಯ ನನಗೆ ಬರಲಿಲ್ಲ. ಅವರನ್ನು ತಿದ್ದೋಕೆ ನಾನ್ಯಾರು, ಅಲ್ವಾ?

ಹಾಗಾಗಿ ಪ್ಲಾನ್ ಬದಲು. ಹಳೆಯ 96 ಚಿತ್ರ ಎಸೆಯೋದಿಲ್ಲ, ಅತ್ತೆಯ ದನಿ ಬರೋ ಜಾಗಕ್ಕೆ ಅವೇ ಇರಲಿ. ಅದಾದ ಮೇಲೆ ರೀಲು, ಅದರ ನಿಜವಾದ ವೇಗದಲ್ಲಿ. ರೀಲಿನ 18ನ್ನು ಸಿನಿಮಾದ 24ಕ್ಕೆ ಹೊಂದಿಸೋಕೆ ಪ್ರತಿ ಮೂರನೇ ಫ್ರೇಮನ್ನು ಎರಡು ಸಲ ತೋರಿಸಬೇಕು, ಅಜ್ಜಿ ತಿರುಗುವಾಗ ಚೂರು ಜರ್ಕ್ ಹೊಡೆಯುತ್ತೆ. ಹೊಡೆಯಲಿ ಬಿಡಿ. ಸಾಫ್ಟ್‌ವೇರಿಗೆ ಕೊಟ್ಟು ನಡುವೆ ಇಲ್ಲದ ಫ್ರೇಮ್ ಹುಟ್ಟಿಸೋದು ನನಗಿಷ್ಟವಿಲ್ಲ.

ಇನ್ನೊಂದು ಮಾತು. ರೀಲಿನ ಕೊನೆಯಲ್ಲಿ ಅಜ್ಜಿ ಕ್ಯಾಮೆರಾ ಕಡೆ ಕೈ ಎತ್ತುತ್ತಾಳೆ. ಟಾಟಾ ಮಾಡ್ತಿದ್ದಾಳೆ ಅಂತಲೇ ಅಂದುಕೊಂಡಿದ್ದೆ, ಸ್ಟೋರಿಬೋರ್ಡಿನಲ್ಲೂ (ಶಾಟ್‌ಗಳ ಕರಡು ಚಿತ್ರ) ಹಾಗೇ ಬರೆದಿದ್ದೆ. ನಿಧಾನಕ್ಕೆ ನೋಡಿದರೆ ಅಂಗೈ ಆಡುತ್ತಲೇ ಇಲ್ಲ, ನೆಟ್ಟಗೆ ಮುಂದಕ್ಕೆ ಬಂದು ಲೆನ್ಸಿಗೆ ಅಡ್ಡ ನಿಲ್ಲುತ್ತೆ. ತೆಗೀಬೇಡ ಅಂತಿದ್ದಾಳೆ. ಆ ಶಾಟ್ ಇನ್ನೂ ಮುಟ್ಟಿಲ್ಲ.