ಕ್ರಿಯಾಪದದ ಹಿಂದೋ ಮುಂದೋ

"ಏವು ಚಿ ಅಜೂದು."
"ಅಜೂದು-ಅ, ಮೆನೀನಾ. ಅಜೂದು-ಅ."

ಈ ವಾರ ಪೂರ್ತಿ ತಲೆಯಲ್ಲಿ ಇದೇ ಓಡುತ್ತಿದೆ. ಮೊದಲನೆಯದು ಬೇಕರಿಯ ಬ್ರೆಜಿಲ್ ಹುಡುಗಿ ಪೋರ್ಚುಗೀಸಿನಲ್ಲಿ ಹೇಳಿದ್ದು: 'ನಾನು ನಿನಗೆ ಸಹಾಯ ಮಾಡುತ್ತೇನೆ'. ಎರಡನೆಯದು, ಅವಳು ಯಾರಿಗೆ ಸಹಾಯ ಮಾಡಲು ಹೋದಳೋ ಆ ಲಿಸ್ಬನ್ ಅಜ್ಜಿ ಅದನ್ನೇ ತಿದ್ದಿ ಹೇಳಿದ್ದು; 'ಮೆನೀನಾ' ಅಂದರೆ ಹುಡುಗಿ.

ಲಿಸ್ಬನ್ನಿನ ಬೆನ್‌ಫಿಕಾ ಬಡಾವಣೆಯಲ್ಲಿ (ಫುಟ್‌ಬಾಲ್ ನೋಡುವವರು ಹೆಸರು ಕೇಳಿರುತ್ತೀರಿ) ನಮ್ಮ ಮನೆ ಹತ್ತಿರದ ಬೇಕರಿ. ಬಾಗಿಲಿಗೆ ಮೆಟ್ಟಿಲು. ಅಜ್ಜಿಯ ಒಂದು ಕೈಯಲ್ಲಿ ಊರುಗೋಲು, ಇನ್ನೊಂದರಲ್ಲಿ ಚಕ್ರದ ಚೀಲ. ಹುಡುಗಿ ಕಾಫಿ ಮಷಿನ್ ಬಿಟ್ಟು ಓಡಿ ಬಂದು ಚೀಲಕ್ಕೆ ಕೈ ಹಾಕಿದಳು. ಅಜ್ಜಿ ಚೀಲ ಕೊಟ್ಟರು, ಆದರೆ ತಿದ್ದದೆ ಬಿಡಲಿಲ್ಲ. ಸಾಲಿನಲ್ಲಿದ್ದ ಒಬ್ಬ ಕಿಸಕ್ಕನೆ ನಕ್ಕ. ಹುಡುಗಿ "ಸಿಂ, ಸೆನ್ಯೋರಾ" (ಹೌದು ಅಮ್ಮ) ಎಂದು ಚೀಲ ಒಳಗಿಟ್ಟು ಕಾಫಿ ಮಾಡಲು ಹೋದಳು. ಅಷ್ಟೇ.

ಬೇರೆ ವಾರವಾಗಿದ್ದರೆ ನಾನು ಗಮನಿಸುತ್ತಲೂ ಇರಲಿಲ್ಲ. ಆದರೆ ಇಲ್ಲಿನ ಪೌರತ್ವಕ್ಕೆ ಎ2 ಮಟ್ಟದ (ಯುರೋಪಿನ ಭಾಷಾ ಅಳತೆಯಲ್ಲಿ ಕೆಳಗಿನಿಂದ ಎರಡನೇ ಮೆಟ್ಟಿಲು) ಪೋರ್ಚುಗೀಸ್ ಬೇಕು. ಅದಕ್ಕೆ ಹೋಗುವ ಸಂಜೆ ತರಗತಿಯಲ್ಲಿ ಸರಿಯಾಗಿ ಇದೇ ಪಾಠ ನಡೆಯುತ್ತಿತ್ತು. ನನ್ನನ್ನು, ನಿನ್ನನ್ನು, ಅವರನ್ನು, ಅವರಿಗೆ: ಈ ಪುಟಾಣಿ ಪದಗಳನ್ನು ಎಲ್ಲಿ ಕೂರಿಸಬೇಕು ಅನ್ನೋದು.

ಅಜ್ಜಿಯ ಲೆಕ್ಕದಲ್ಲಿ ಹುಡುಗಿ ಮಾಡಿದ್ದು ಎರಡು ತಪ್ಪು. ಒಂದು, 'ತೆ' ಅಂದರೆ 'ನಿನ್ನನ್ನು'. ಬ್ರೆಜಿಲ್‌ನ ಬಹಳ ಕಡೆ ಅದನ್ನು 'ಚಿ' ಅನ್ನುತ್ತಾರೆ. ಪೋರ್ಚುಗಲ್‌ನಲ್ಲಿ ಗುರುತಿಲ್ಲದ ಹಿರಿಯರಿಗೆ ಹಾಗೆ ಅನ್ನುವುದು ಒರಟು. ಅವರೆದುರೇ ನಿಂತು 'ಅವರನ್ನು' ಅನ್ನಬೇಕು, ಅಂದರೆ 'ಅ'. ನಮ್ಮಲ್ಲೂ ಹಿಂದೆ ಎದುರಿಗಿದ್ದವರನ್ನೇ "ಯಜಮಾನರು ಊಟ ಮಾಡಿದರಾ?" ಎಂದು ಕೇಳುತ್ತಿದ್ದರಲ್ಲ, ಆ ಥರ. ಎರಡು, ಪೋರ್ಚುಗಲ್‌ನಲ್ಲಿ ಸಾದಾ ವಾಕ್ಯದಲ್ಲಿ ಈ ಪದ ಕ್ರಿಯಾಪದದ ಹಿಂದೆ, ಅಂದರೆ ಅದು ಮುಗಿದ ಮೇಲೆ, ಅಂಟಿಕೊಂಡು ಬರಬೇಕು. ಬ್ರೆಜಿಲ್‌ನಲ್ಲಿ ಅದು ಆರಾಮವಾಗಿ ಮುಂದೆ, ಅಂದರೆ ಕ್ರಿಯಾಪದಕ್ಕಿಂತ ಮೊದಲೇ, ನಿಲ್ಲುತ್ತದೆ. ಅಲ್ಲಿ 'ತೆ' ಅಂದರೆ ಅಗೌರವವೂ ಅಲ್ಲ.

ಇಷ್ಟೇ ಆಗಿದ್ದರೆ ಕಲಿಯುವುದು ಸುಲಭವಿತ್ತು. ವಾಕ್ಯದಲ್ಲಿ 'ನಾಂವ್' ಅಂದರೆ 'ಇಲ್ಲ' ಬಂತೋ, ಹಿಂದಿದ್ದ ಪದ ಪಟ್ಟನೆ ಮುಂದೆ ಹಾರುತ್ತದೆ: "ನಾಂವ್ ಅ ಅಜೂದು". 'ಯಾಕಂದರೆ', 'ಯಾವಾಗಲೂ', 'ಕೂಡ' ಬಂದರೂ ಅದೇ ಕಥೆ. ನಮ್ಮ ಟೀಚರ್ ಇವನ್ನೆಲ್ಲ ಅಯಸ್ಕಾಂತ ಅನ್ನುತ್ತಾರೆ. ಇನ್ನು 'ಅಜುದಾರ್' ಎಂಬ ಮೂಲರೂಪದ ಹಿಂದೆ ಬಂದರೆ 'ರ್' ಉದುರಿ 'ಲ' ಹುಟ್ಟುತ್ತದೆ: "ಪೊಸ್ಸು ಅಜುದಾ-ಲ?" ಸಹಾಯ ಮಾಡಲಾ?

ಕನ್ನಡದವರಿಗೆ ಇದರಲ್ಲಿ ಒಂದು ಅನುಕೂಲವಿದೆ. 'ಅನ್ನು' ಬೇರೆ, 'ಗೆ' ಬೇರೆ ಎಂದು ನಮಗೆ ಯಾರೂ ಹೇಳಿಕೊಡಬೇಕಿಲ್ಲ. ತರಗತಿಯಲ್ಲಿರುವ ಇಂಗ್ಲೆಂಡಿನ ನಿವೃತ್ತರೊಬ್ಬರು 'ಉ' (ಅವನನ್ನು) ಮತ್ತು 'ಲ್ಯೆ' (ಅವನಿಗೆ) ನಡುವೆ ಇನ್ನೂ ಒದ್ದಾಡುತ್ತಿದ್ದಾರೆ. ಆದರೆ ಪೂರ್ತಿ ನಂಬಿದರೆ ಕೈ ಕೊಡುತ್ತದೆ. ನಾವು 'ಅವರಿಗೆ' ಸಹಾಯ ಮಾಡುತ್ತೇವೆ, ಪೋರ್ಚುಗಲ್‌ನವರು 'ಅವರನ್ನು' ಸಹಾಯ ಮಾಡುತ್ತಾರೆ. ನಾವು 'ಅವಳನ್ನು' ಕೇಳು ಅಂದರೆ, ಇವರು 'ಅವಳಿಗೆ' ಕೇಳು ಅನ್ನುತ್ತಾರೆ: "ಪೆರ್ಗುಂತ-ಲ್ಯೆ". ಸುಮ್ನೆ ಬಾಯಿಪಾಠ ಮಾಡಬೇಕು, ಬೇರೆ ದಾರಿ ಇಲ್ಲ.

ಮತ್ತೆ ಅಜ್ಜಿಗೆ ಬರುತ್ತೇನೆ. ಅಜೂದು-ಅ, ಮೆನೀನಾ. ದನಿಯಲ್ಲಿ ಸಿಟ್ಟಿರಲಿಲ್ಲ. ಮೊಮ್ಮಗಳ ಜಡೆ ಸರಿ ಮಾಡಿದಷ್ಟು ಸಹಜವಾಗಿತ್ತು. ಒಂಟಿಯಾಗಿರುವ ಹಿರಿಯರಿಗೆ ತಿದ್ದುವುದೂ ಮಾತಾಡಲು ಒಂದು ನೆಪ ಇರಬಹುದು. ನನಗೆ ಆಗದೇ ಇದ್ದದ್ದು ನಕ್ಕವನು. ಅವನು ಸಹಾಯಕ್ಕೂ ಬರಲಿಲ್ಲ, ತಿದ್ದಲೂ ಇಲ್ಲ. ಹೊರಗಿನವಳು ಸಿಕ್ಕಿಬಿದ್ದಳು ಅನ್ನೋ ಖುಷಿ ಅವನದು. ಪೋರ್ಚುಗಲ್‌ನಲ್ಲಿರುವ ವಿದೇಶಿಯರಲ್ಲಿ ಬ್ರೆಜಿಲಿನವರೇ ಅತಿ ಹೆಚ್ಚು. ಕಾಫಿ ಕೊಡುವವರು, ಮುದುಕರನ್ನು ನೋಡಿಕೊಳ್ಳುವವರು ಎಷ್ಟೋ ಜನ ಅವರೇ. ಅವರ ದೇಶದ 2022ರ ಜನಗಣತಿ 20 ಕೋಟಿ ದಾಟಿದೆ. ಪೋರ್ಚುಗಲ್‌ನದ್ದು ಒಂದು ಕೋಟಿಗಿಂತ ಸ್ವಲ್ಪ ಜಾಸ್ತಿ. ಆದರೂ ತಿದ್ದಿಸಿಕೊಳ್ಳುವವರು ಅವರು. ನಾವೇನು ಕಡಿಮೆಯಾ? ಹಕಾರ ಬಿಟ್ಟು 'ಆಲು', 'ಅಣ್ಣು' ಅಂದವರನ್ನು ನೋಡಿ ನಗುವವರು ನಮ್ಮ ಆಫೀಸುಗಳಲ್ಲೂ ಇದ್ದಾರೆ.

ತಮಾಷೆ ಇರುವುದು ಮುಂದೆ. 16ನೇ ಶತಮಾನದ ಪೋರ್ಚುಗಲ್‌ನವರು ಬರೆದಿಟ್ಟದ್ದರಲ್ಲಿ "ಏವು ತೆ ಅಜೂದು" ಥರದ ಜೋಡಣೆಯೇ ಹೆಚ್ಚು. ಅಂದರೆ ಕರ್ತೃ, ಆಮೇಲೆ ಈ ಪುಟ್ಟ ಪದ, ಆಮೇಲೆ ಕ್ರಿಯಾಪದ. ಅದು ಹಿಂದೆ ಸರಿಯಲು ಶುರುವಾದದ್ದು ಸುಮಾರು 18ನೇ ಶತಮಾನದಿಂದ ಈಚೆಗೆ, ಅದೂ ಪೋರ್ಚುಗಲ್‌ನಲ್ಲಿ. ವಾಕ್ಯದ ಮೊದಲಿಗೇ ಅದನ್ನು ತಂದು "ಮಿ ದಾ" (ನನಗೆ ಕೊಡು) ಅನ್ನುವುದು ಬ್ರೆಜಿಲ್‌ನದ್ದೇ ರೂಢಿ, ಅದು ಬೇರೆ. ಆದರೆ ಹುಡುಗಿ ಅಂದ ಮಾತಿನಲ್ಲಿ ಆ ಪದ ಕೂತಿದ್ದ ಜಾಗ ಹಳೇ ಜಾಗ. ಬದಲಾದದ್ದು ಅಜ್ಜಿಯ ಊರು.

ಬ್ರೆಜಿಲಿನ ಶಾಲೆಗಳೂ ಲಿಸ್ಬನ್ನಿನ ನಿಯಮವನ್ನೇ ಬಹಳ ಕಾಲ ಹೇಳಿಕೊಟ್ಟವು. ಅಲ್ಲಿನ ಅಧ್ಯಕ್ಷ ಜಾನಿಯು ಕ್ವಾದ್ರೋಸ್ 1961ರಲ್ಲಿ ಕುರ್ಚಿ ಹಿಡಿದ ಏಳೇ ತಿಂಗಳಿಗೆ ರಾಜೀನಾಮೆ ಕೊಟ್ಟರು. "ಫೀ-ಲು ಪುರ್ಕೆ ಕೀ-ಲು", ಮಾಡಬೇಕೆನಿಸಿತು ಮಾಡಿದೆ, ಅನ್ನೋ ಮಾತು ಅವರ ಹೆಸರಿಗೆ ಅಂಟಿಕೊಂಡಿದೆ. ಎಷ್ಟು ಗತ್ತು! ಆದರೆ 'ಪುರ್ಕೆ' ಅಂದರೆ 'ಯಾಕಂದರೆ', ಅದೂ ಅಯಸ್ಕಾಂತವೇ. ನಿಯಮದ ಪ್ರಕಾರ "ಪುರ್ಕೆ ಉ ಕೀಶ್" ಆಗಬೇಕಿತ್ತು. ಕ್ವಾದ್ರೋಸ್ ಒಂದು ಕಾಲದಲ್ಲಿ ಪೋರ್ಚುಗೀಸ್ ಮೇಷ್ಟ್ರು. ಹಾಗಾಗಿ ಅವರ ಬಾಯಲ್ಲಿ ಆ ಮಾತು ಬಂದಿರಲಿಕ್ಕಿಲ್ಲ ಎಂದು ವಾದಿಸುವವರೂ ಇದ್ದಾರೆ.

ಮರುದಿನ ತರಗತಿಯಲ್ಲಿ ಬೇಕರಿಯ ಕಥೆ ಹೇಳಿದೆ. ಟೀಚರ್ ಒಳ್ಳೆಯವರು, ಆದರೆ ಜಗಳದಲ್ಲಿ ಯಾರ ಪಕ್ಷವನ್ನೂ ಹಿಡಿಯುವವರಲ್ಲ. ಬೋರ್ಡಿನ ಮೇಲೆ "ಅಜುದಾ-ಲ-ಈಅ" ಎಂದು ಬರೆದರು. '(ಆಗಿದ್ದರೆ) ಅವರಿಗೆ ಸಹಾಯ ಮಾಡುತ್ತಿದ್ದೆ' ಅನ್ನಲು ವ್ಯಾಕರಣ ಹೇಳುವ ರೂಪ. ಇದರಲ್ಲಿ ಪುಟ್ಟ ಪದ ಹಿಂದೂ ಅಲ್ಲ, ಮುಂದೂ ಅಲ್ಲ, ಕ್ರಿಯಾಪದವನ್ನು ಸೀಳಿ ನಡುವೆ ಕೂತಿದೆ. "ಆ ಅಜ್ಜಿಗೆ ಇದನ್ನು ಹೇಳಲು ಹೇಳಿ ನೋಡಿ" ಎಂದು ನಕ್ಕರು. "ಅಜುದಾವ-ಅ ಎಂದು ಜಾರಿಕೊಳ್ಳುತ್ತಾರೆ. ನಾನೂ ಮನೆಯಲ್ಲಿ ಹಾಗೇ ಅನ್ನೋದು."

ಹೋಂವರ್ಕಿಗೆ ಮಾತ್ರ ಆ ನಡುವೆ ಸೀಳುವ ರೂಪವನ್ನೇ ಒಂದು ಪುಟ ಕೊಟ್ಟರು.