ತಾಕಾಯಾಮಾದಲ್ಲಿ ಹಿದಾ ಬೀಫ್ ಊಟ: ಮೊದಲ ರಾತ್ರಿ ಮೋಸ, ಎರಡನೇ ರಾತ್ರಿ ಹಬ್ಬ

ಹಿದಾ ಸೀಮೆಯ ಹೆಸರುವಾಸಿ ದನದ ಮಾಂಸ, ಹಿದಾ ಬೀಫ್, ತಿನ್ನಲು ಜಪಾನಿನ ತಾಕಾಯಾಮಾಕ್ಕೆ ಹೋಗುವವರಿಗೆ ಮೊದಲೇ ಒಂದು ಮಾತು ಹೇಳಿಬಿಡುತ್ತೇನೆ. ಊರು ಮುಟ್ಟಿದ ರಾತ್ರಿ, ಹಸಿವಿನಲ್ಲಿ, ಕಣ್ಣಿಗೆ ಬಿದ್ದ ಮೊದಲ ಹೋಟೆಲ್‌ನಲ್ಲಿ ಬೀಫ್ ಊಟಕ್ಕೆ ಕೂರಬೇಡಿ. ನಾವು ಕೂತೆವು. ಅದಕ್ಕೇ ಇಷ್ಟುದ್ದ ಬರೆಯುತ್ತಿದ್ದೇನೆ.

ಹೋದವರು ಮೂರು ಜನ. ನಾನು, ನನ್ನ ಹೆಂಡತಿ, ನನ್ನ ಕಾಲೇಜಿನ ಗೆಳೆಯ. ನಾವಿಬ್ಬರೂ ಮಂಗಳೂರು ಕಡೆಯ ಕ್ರೈಸ್ತರು, ಬೀಫ್ ನಮಗೆ ಮನೆಯ ಅಡುಗೆ. ಗೆಳೆಯ ಮೀನು, ಕೋಳಿ ತಿನ್ನುತ್ತಾನೆ, ದನದ ಮಾಂಸ ಮುಟ್ಟುವುದಿಲ್ಲ. ಇಂಥ ಗುಂಪಿನಲ್ಲಿ ಹೋಗುವವರು ಬೇಕಾದಷ್ಟು ಜನ ಇರುತ್ತಾರೆ ಅಲ್ವಾ, ಅವರಿಗೂ ಇದರಲ್ಲಿ ಉಪಯೋಗ ಇದೆ.

ಎಲ್ಲ ಶುರುವಾಗಿದ್ದು ಬಸ್ಸಿನಿಂದ. ಕಾನಾಜಾವಾದಿಂದ ತಾಕಾಯಾಮಾಕ್ಕೆ ಬಸ್ಸಿನಲ್ಲಿ ಎರಡೂಕಾಲು ಗಂಟೆ. ನಡುವೆ ಶಿರಕಾವಾ-ಗೋ ಹಳ್ಳಿ ಬರುತ್ತದೆ, 1995ರಲ್ಲಿ ಯುನೆಸ್ಕೋ ಪಟ್ಟಿ ಸೇರಿದ ಹುಲ್ಲುಮಾಡಿನ ಮನೆಗಳ ಊರು. ಸೀಟು ಮೊದಲೇ ಕಾದಿರಿಸಬೇಕು. ನಮ್ಮೂರಿನ ಹಾಗೆ ಹತ್ತಿ ನಿಂತುಕೊಂಡು ಹೋಗೋಣ ಅಂದರೆ ನಡೆಯುವುದಿಲ್ಲ. ನವೆಂಬರ್ ಮೊದಲ ವಾರ, ಎಲೆ ಕೆಂಪಾಗುವ ಕಾಲ. ನಾವು ಸುಮ್ನೆ ಸ್ಟ್ಯಾಂಡಿಗೆ ಹೋಗಿ ಕೇಳಿದರೆ ಎರಡು ಬಸ್ ಪೂರ್ತಿ ಭರ್ತಿ. ಮೂರನೆಯದರಲ್ಲಿ ಸೀಟು ಸಿಕ್ಕಿತು, ಮೂವರಿಗೂ ಬೇರೆ ಬೇರೆ ಕಡೆ. ಹೀಟರ್ ಬಿಸಿ ತಡೆಯಲಾರದಷ್ಟು ಇತ್ತು, ಕಿಟಕಿ ತೆರೆಯುವಂತಿಲ್ಲ. ಬೆಟ್ಟದ ದಾರಿ ಅನ್ನುತ್ತಾರೆ, ಆದರೆ ಅರ್ಧ ದಾರಿ ಸುರಂಗ. ನೋಡಲು ಏನೂ ಇಲ್ಲ. ಶಿರಕಾವಾ-ಗೋ ಹತ್ತಿರ ವಾಹನಗಳ ಸಾಲಿನಲ್ಲಿ ಮುಕ್ಕಾಲು ಗಂಟೆ ನಿಂತೆವು. ತಾಕಾಯಾಮಾ ಮುಟ್ಟಿದಾಗ ಏಳೂವರೆ ದಾಟಿತ್ತು. ಹಳೇ ಪೇಟೆಯ ಅಂಗಡಿಗಳೆಲ್ಲ ಸಂಜೆ ಐದಕ್ಕೇ ಬಾಗಿಲು ಹಾಕುತ್ತವೆ. ರಸ್ತೆ ಕತ್ತಲು, ಚಳಿ, ಹಸಿವು.

ಸ್ಟೇಷನ್ನಿನಿಂದ ಐದು ನಿಮಿಷ ನಡೆದರೆ ಒಂದು ಹೋಟೆಲ್, ಹೊರಗೆ ದೊಡ್ಡ ಬೋರ್ಡಿನಲ್ಲಿ ಹಿದಾ ಬೀಫ್ ಚಿತ್ರ. ಒಳಗೆ ಹೋಗಿ ಇಂಗ್ಲಿಷ್ ಮೆನುವಿನಲ್ಲಿ ‘ಸ್ಪೆಷಲ್ ಬೀಫ್ ಸೆಟ್’ ಹೇಳಿದೆವು. ಒಬ್ಬರಿಗೆ 4,800 ಯೆನ್. ಗೆಳೆಯನಿಗೆ ಕಡ್ಡಿಗೆ ಚುಚ್ಚಿ ಸುಟ್ಟ ಕೋಳಿ. ಬಂದ ಮಾಂಸ ತೆಳ್ಳಗೆ, ಅಂಚಿನಲ್ಲಿ ನಾರು, ಅಗಿದಷ್ಟೂ ಅಗಿಯಬೇಕು. ಇದಕ್ಕೇನಾ ಜಗತ್ತೆಲ್ಲ ಇಷ್ಟು ಹೊಗಳುವುದು ಅಂತ ನಾವಿಬ್ಬರೂ ಮುಖ ನೋಡಿಕೊಂಡೆವು. ಬಿಲ್ಲಿನಲ್ಲಿ ನಾವು ಕೇಳದ ಸಣ್ಣ ಬಟ್ಟಲಿಗೆ ತಲೆಗೆ 500 ಯೆನ್ ಬೇರೆ. ಅದು ಮೋಸ ಅಲ್ಲ, ‘ಒತೋಶಿ’ ಅಂತ, ಸಂಜೆ ಹೊತ್ತು ಕುಡಿಯಲು ಕೂರುವ ಜಾಗಗಳಲ್ಲಿ ಕೂತಿದ್ದಕ್ಕೆ ತಗೊಳ್ಳುವ ಕಾಸು. ಮೋಸ ಇದ್ದಿದ್ದು ಬೇರೆ ಕಡೆ. ಗೆಳೆಯ ಜಪಾನೀ ಮೆನುವಿಗೆ ಮೊಬೈಲ್ ಹಿಡಿದು ಅನುವಾದ ಮಾಡಿದ. ನಾವು ತಿಂದ ಸೆಟ್ ಮುಂದೆ ಇದ್ದಿದ್ದು ಹಿದಾ ಅಲ್ಲ, ‘ಕೊಕುಸಾನ್ ಗ್ಯೂ’. ಅಂದರೆ ಜಪಾನಿನಲ್ಲಿ ಬೆಳೆದ ದನ, ಅಷ್ಟೇ.

ಈ ವ್ಯತ್ಯಾಸ ಗೊತ್ತಿರಲೇಬೇಕು. ‘ವಾಗ್ಯೂ’ ಅಂದರೆ ಜಪಾನಿನ ನಾಲ್ಕು ತಳಿಗಳ ದನ ಮಾತ್ರ. ‘ಕೊಕುಸಾನ್’ ಅಂದರೆ ಹಾಲಿನ ಹೋಲ್‌ಸ್ಟೀನ್ ಜಾತಿಯ ಹೋರಿಯೂ ಆಗಬಹುದು, ಮಿಶ್ರ ತಳಿಯೂ ಆಗಬಹುದು. ‘ಹಿದಾ ಗ್ಯೂ’ ಅಂತ ಹೆಸರು ಹಾಕಬೇಕಾದರೆ ಕಪ್ಪು ಕೂದಲಿನ ವಾಗ್ಯೂ ತಳಿಯೇ ಆಗಿರಬೇಕು, ಗಿಫು ಪ್ರಾಂತ್ಯದಲ್ಲಿ 14 ತಿಂಗಳಿಗೆ ಕಮ್ಮಿ ಇಲ್ಲದಂತೆ ಸಾಕಿರಬೇಕು, ಮಾಂಸದ ದರ್ಜೆ 3 ಅಥವಾ ಅದಕ್ಕಿಂತ ಮೇಲಿರಬೇಕು. ಮೂರು ಹೆಸರಿಗೂ ಕೊನೆಯ ಅಕ್ಷರ ಒಂದೇ, ದನ ಅನ್ನುವ ಅಕ್ಷರ. ಜಪಾನೀ ಓದಲು ಬಾರದವರು ಎಡವುವುದು ಅಲ್ಲೇ. ಆದ್ದರಿಂದ ಕೂರುವ ಮೊದಲೇ ಮೆನುವಿನ ಆ ಸಾಲಿನ ಮೇಲೆ ಬೆರಳಿಟ್ಟು, ‘ಹಿದಾ ಗ್ಯೂ?’ ಅಂತ ಕೇಳಿ. ಬೋರ್ಡಿನ ಚಿತ್ರ ನಂಬಬೇಡಿ.

ಇನ್ನೊಂದು ದಾರಿಯೂ ಇದೆ. 2001ರಲ್ಲಿ ಜಪಾನಿನಲ್ಲಿ ಹುಚ್ಚು ದನದ ಕಾಯಿಲೆ ಕಾಣಿಸಿಕೊಂಡ ಮೇಲೆ, 2003ರಲ್ಲಿ ಒಂದು ಕಾನೂನು ತಂದರು. ಅಲ್ಲಿನ ಪ್ರತಿಯೊಂದು ದನಕ್ಕೂ 10 ಅಂಕಿಯ ನಂಬರ್ ಇರುತ್ತದೆ. ಯಾಕಿನಿಕು (ಸುಟ್ಟ ಮಾಂಸ), ಸುಕಿಯಾಕಿ (ಸಿಹಿ ಸೋಯಾ ಸಾರಿನಲ್ಲಿ ಬೇಯಿಸಿದ ಮಾಂಸ), ಶಾಬು ಶಾಬು (ಕುದಿಯುವ ಸಾರಿನಲ್ಲಿ ಅದ್ದಿ ತಿನ್ನುವ ಮಾಂಸ), ಸ್ಟೇಕ್ ಇವನ್ನೇ ಮುಖ್ಯವಾಗಿ ಮಾಡುವ ಹೋಟೆಲ್‌ಗಳು ಆ ನಂಬರ್ ತೋರಿಸಬೇಕು. ಅದನ್ನು ಸರ್ಕಾರದ ವೆಬ್‌ಸೈಟಿನಲ್ಲಿ ಹಾಕಿದರೆ ದನ ಹುಟ್ಟಿದ ದಿನ, ತಳಿ, ಬೆಳೆದ ಪ್ರಾಂತ್ಯ ಎಲ್ಲ ಬರುತ್ತದೆ.

ಮಾರನೇ ದಿನ ಮಧ್ಯಾಹ್ನ ಮನಸ್ಸು ಸರಿಯಾಯಿತು. ಅದಕ್ಕೆ ಕಾರಣ 900 ಯೆನ್ನಿನ ಒಂದು ಬಟ್ಟಲು. ಸಾರಿನಲ್ಲಿ ಹಾಕಿದ ನೂಡಲ್ಸ್‌ಗೆ ತಾಕಾಯಾಮಾದವರು ರಾಮೆನ್ ಅನ್ನುವುದಿಲ್ಲ, ‘ಚೂಕಾ ಸೋಬಾ’ ಅನ್ನುತ್ತಾರೆ. ನದಿ ಪಕ್ಕದ ಗಲ್ಲಿಯಲ್ಲಿ ಎಂಟು ಸ್ಟೂಲಿನ ಅಂಗಡಿ, ಒಳಗೆ ವಯಸ್ಸಾದ ಗಂಡ ಹೆಂಡತಿ. ಬೇರೆ ಊರಿನ ರಾಮೆನ್‌ಗೆ ಬಟ್ಟಲಿನ ತಳಕ್ಕೆ ಸೋಯಾ ಸಾಸ್ ಹಾಕಿ ಮೇಲೆ ಸಾರು ಸುರಿಯುತ್ತಾರೆ. ಇಲ್ಲಿ ಸೋಯಾ ಹಂಡೆಯಲ್ಲೇ ಸಾರಿನ ಜೊತೆ ಕುದಿಯುತ್ತದೆ. ಹಾಗಾಗಿ ಗುಟುಕು ಗುಟುಕಿಗೂ ರುಚಿ ಒಂದೇ ಸಮ. ಎಳೆ ಸಣ್ಣ, ಗುಂಗುರು ಗುಂಗುರು. ಮೇಲೆ ಎರಡು ಹಂದಿ ಮಾಂಸದ ಚೂರು, ಬಿದಿರಿನ ಕಳಲೆ, ಈರುಳ್ಳಿ ಸೊಪ್ಪು. ಕಳಲೆ ಕಚ್ಚಿದ ಕೂಡಲೇ ನನ್ನ ಹೆಂಡತಿ ‘ಮಳೆಗಾಲದಲ್ಲಿ ಅಮ್ಮ ಮಾಡ್ತಿದ್ದದ್ದು ನೆನಪಾಯ್ತು ಮಾರಾಯ್ರೆ’ ಅಂದಳು. ಅಜ್ಜ ಎಳೆ ಬೇಯಿಸಿ, ಜಾಲರಿ ಸೌಟಿನಲ್ಲಿ ಎತ್ತಿ, ಎರಡೇ ಎರಡು ಸಲ ಜಾಡಿಸುತ್ತಿದ್ದರು. ನೀರು ಒಂದು ಹನಿ ಉಳಿಯುತ್ತಿರಲಿಲ್ಲ. ಅಜ್ಜಿ ಚಿಲ್ಲರೆಯನ್ನು ನಮ್ಮ ಕಣ್ಣೆದುರೇ ಎಣಿಸಿ ತಟ್ಟೆಯಲ್ಲಿ ಇಟ್ಟರು. ಸಾರು ಮುಗಿದರೆ ಅಂಗಡಿ ಮುಚ್ಚುತ್ತಾರೆ, ಹನ್ನೊಂದೂವರೆಗೆ ಹೋಗಿ ನಿಲ್ಲಿ. ನಾವು ಎರಡು ದಿನವೂ ಅಲ್ಲೇ ತಿಂದೆವು. ಬೀಫ್‌ಗೆ ದುಡ್ಡು ಉಳಿಸಬೇಕು ಅನ್ನುವವರಿಗೆ ಮಧ್ಯಾಹ್ನದ ಊಟ ಇದೇ ಸಾಕು.

ಸಾನ್‌ಮಾಚಿ ಅನ್ನುವ ಹಳೇ ಪೇಟೆಯಲ್ಲಿ ಹಿದಾ ಬೀಫಿನ ಸುಶಿ ಮಾರುತ್ತಾರೆ. ಅನ್ನದ ಉಂಡೆ ಮೇಲೆ ಬೆಂಕಿ ತಾಗಿಸಿದ ಮಾಂಸ, ತಟ್ಟೆಯ ಬದಲು ಗರಿ ಗರಿ ಸೆಂಬೆ ಹಪ್ಪಳ. ಸಾಲು ನಲವತ್ತು ನಿಮಿಷ. ನನಗೆ ಜನಜಂಗುಳಿ ಆಗುವುದಿಲ್ಲ, ಹತ್ತು ನಿಮಿಷ ನಿಂತು ಹೊರಟುಬಿಟ್ಟೆ. ಬೆಳಿಗ್ಗೆ ಹತ್ತರಿಂದ ಮೂರರವರೆಗೆ ಆ ಬೀದಿಯಲ್ಲಿ ಕಾಲಿಡಲು ಜಾಗ ಇಲ್ಲ. ಬೆಳಿಗ್ಗೆ ಏಳಕ್ಕೆ ಹೋಗಿ. ಮಿಯಾಗಾವಾ ನದಿ ದಂಡೆಯ ಸಂತೆ ಆಗತಾನೇ ಶುರುವಾಗಿರುತ್ತದೆ, ಹಳ್ಳಿಯ ಹೆಂಗಸರು ಕೆಂಪು ಗೆಡ್ಡೆಯ ಉಪ್ಪಿನಕಾಯಿ, ಸೇಬು ಹರಡಿಕೊಂಡು ಕೂತಿರುತ್ತಾರೆ. ಮರದ ಜಾಲರಿಯ ಕಪ್ಪು ಮನೆಗಳು ಆಗ ಮಾತ್ರ ಸರಿಯಾಗಿ ಕಾಣುತ್ತವೆ.

ಎರಡನೇ ರಾತ್ರಿಗೆ ನಾವು ಮೂರು ತಿಂಗಳ ಮೊದಲೇ ಒಂದು ಹಳೇ ರ‍್ಯೋಕಾನ್ ಕಾದಿರಿಸಿದ್ದೆವು. ಅಂದರೆ ಜಪಾನೀ ಶೈಲಿಯ ತಂಗುಮನೆ, ಹಿಂದೆ ವ್ಯಾಪಾರಿಯೊಬ್ಬರ ಮನೆ ಆಗಿದ್ದ ಕಟ್ಟಡ. ರಾತ್ರಿ ಊಟ, ಬೆಳಗಿನ ತಿಂಡಿ ಸೇರಿ ಒಬ್ಬರಿಗೆ 28,000 ಯೆನ್, ನಮ್ಮ ಲೆಕ್ಕದಲ್ಲಿ ಸುಮಾರು 16,000 ರೂಪಾಯಿ. ಕಮ್ಮಿ ಅಲ್ಲ. ಆದರೆ ಇಡೀ ಪ್ರವಾಸದಲ್ಲಿ ಕೊಟ್ಟ ದುಡ್ಡಿಗೆ ಬೇಸರ ಆಗದ ಖರ್ಚು ಇದೊಂದೇ.

ಬಾಗಿಲು ಗಿಡ್ಡ, ತಲೆ ತಗ್ಗಿಸಿ ಒಳಗೆ ಹೋಗಬೇಕು. ಒಳಗೆ ಹೋದರೆ ಮೇಲೆ ಮಾಡಿನವರೆಗೂ ಖಾಲಿ, ಹೊಗೆ ಹಿಡಿದು ಕಪ್ಪಾದ ತೊಲೆಗಳು, ನಡುವೆ ನೆಲದಲ್ಲಿ ಬೆಂಕಿಗುಂಡಿ. ಹಿದಾದ ಬಡಗಿಗಳು ಹಿಂದಿನ ಕಾಲದಲ್ಲಿ ತೆರಿಗೆಯ ಬದಲು ರಾಜಧಾನಿಗೆ ಹೋಗಿ ದೇವಸ್ಥಾನ, ಅರಮನೆ ಕಟ್ಟಿಕೊಟ್ಟು ಬರುತ್ತಿದ್ದರಂತೆ. ಆ ತೊಲೆಗಳ ಕೂಡುವಿಕೆ ನೋಡಿದರೆ ನಂಬಿಕೆ ಬರುತ್ತದೆ. ಊರಲ್ಲಿ ನೋಡಲು ತೆರೆದಿಟ್ಟ ಇಂಥ ಎರಡು ಮನೆಗಳಿವೆ. ಬೆಂಕಿಯಲ್ಲಿ ಸುಟ್ಟು ಹೋಗಿ 1879ರಲ್ಲಿ ಮತ್ತೆ ಕಟ್ಟಿದ ಕುಸಾಕಾಬೆ ಮನೆ, 1907ರ ಯೋಶಿಜಿಮಾ ಮನೆ. ಹಗಲು ಅವನ್ನು ನೋಡಿ ಬಂದರೆ ರಾತ್ರಿ ನೀವು ಕೂತ ಜಾಗ ಇನ್ನೂ ಚೆನ್ನಾಗಿ ಅರ್ಥವಾಗುತ್ತದೆ.

ಊಟ ಆರೂವರೆಗೆ. ಹೊತ್ತು ಅಂದರೆ ಹೊತ್ತು, ಅಡುಗೆಯವರು ಒಂದೊಂದೇ ಬಟ್ಟಲು ಆಗಿಂದಾಗ ಮಾಡಿ ಕಳಿಸುತ್ತಾರೆ. ಕೈಸೆಕಿ ಅಂದರೆ ಹೀಗೆ ಸರದಿಯ ಊಟ. ಅನ್ನ ಕೊನೆಗೆ ಬರುತ್ತದೆ. ನಮ್ಮವರು ಅನ್ನ ಎಲ್ಲಿ, ಅನ್ನ ಎಲ್ಲಿ ಅಂತ ಕಾಯಬಾರದು.

ಮೊದಲು ಅಂಗೈಯಷ್ಟು ಬಟ್ಟಲಲ್ಲಿ ಶುಂಠಿ, ಸೋಯಾ ಹಾಕಿ ಬತ್ತಿಸಿದ ಬೀಫ್, ಎರಡೇ ತುಣುಕು. ಆಮೇಲೆ ತಿಳಿ ಸಾರು, ಒಂದು ಅಣಬೆ. ಆಮೇಲೆ ಬೆಂಕಿ ಮುಟ್ಟಿಸಿದ ಬೀಫ್ ಸುಶಿ. ಹಸಿ ಮಾಂಸ ಒಗ್ಗದವರು ಮೊದಲೇ ಹೇಳಿದರೆ ಪೂರ್ತಿ ಬೇಯಿಸಿ ಕೊಡುತ್ತಾರೆ. ಇಷ್ಟಾಗುವಾಗ ಒಲೆ ಬಂತು.

ಮುಷ್ಟಿಯಷ್ಟು ಮಣ್ಣಿನ ಒಲೆ, ಒಳಗೆ ಮೇಣದಂಥ ಒಂದು ಬಿಲ್ಲೆ. ಕಡ್ಡಿ ಗೀರಿದರೆ ನೀಲಿ ಉರಿ. ಮೇಲೆ ಹೋಬಾ ಮರದ ಒಣ ಎಲೆ, ನನ್ನ ಎರಡು ಅಂಗೈಗಿಂತ ಉದ್ದ. ಹೋಬಾ ನಮ್ಮ ಸಂಪಿಗೆಯ ದಾಯಾದಿ ಮರ. ಎಲೆಯ ಮೇಲೆ ಮಿಸೋ (ಹುದುಗಿಸಿದ ಸೋಯಾ ಕಾಳಿನ ಮುದ್ದೆ), ಈರುಳ್ಳಿ ಸೊಪ್ಪು, ಅಣಬೆ. ಪಕ್ಕದ ತಟ್ಟೆಯಲ್ಲಿ ಮಾಂಸ: ಕೆಂಪಿನ ನಡುವೆ ಬಿಳಿ ಕೊಬ್ಬು ಜೇಡರ ಬಲೆಯ ಹಾಗೆ ಹರಡಿತ್ತು. ಎರಡು ನಿಮಿಷದಲ್ಲಿ ಮಿಸೋ ಅಂಚಿನಿಂದ ಗುಳ್ಳೆ ಏಳಲು ಶುರುವಾಯಿತು. ಎಲೆಯ ತುದಿ ಕಂದಿತು, ಸುಟ್ಟ ಎಲೆಯ ವಾಸನೆ ಬಂತು, ನಮ್ಮಲ್ಲಿ ಬಾಳೆಲೆಯಲ್ಲಿ ಮೀನು ಸುಟ್ಟಾಗ ಬರುವ ಥರದ್ದು. ಬಡಿಸುವ ಅಮ್ಮ ಒಂದು ಚೂರು ಎತ್ತಿ ಎಲೆಯ ಮೇಲೆ ಮಲಗಿಸಿ, ಮನಸ್ಸಿನಲ್ಲೇ ಎಣಿಸಿ, ತಿರುಗಿಸಿ, ನನ್ನ ಬಟ್ಟಲಿಗೆ ಹಾಕಿದರು. ಹಲ್ಲಿಗೆ ಕೆಲಸವೇ ಇಲ್ಲ. ಕೊಬ್ಬು ಬೆಣ್ಣೆಯ ಹಾಗೆ ಕರಗಿತು, ಆಮೇಲೆ ಮಿಸೋದ ಉಪ್ಪು. ಹಿಂದಿನ ರಾತ್ರಿ ತಿಂದದ್ದಕ್ಕೂ ಇದಕ್ಕೂ ಹೆಸರು ಬಿಟ್ಟರೆ ಸಂಬಂಧ ಇಲ್ಲ. ಮನೆಯಲ್ಲಿ ಬೀಫ್ ಅಂದರೆ ಮಸಾಲೆ ಅರೆದು ಒಂದು ಗಂಟೆ ಬೇಯಿಸುವವಳು ನನ್ನ ಹೆಂಡತಿ. ಅವಳು ಸ್ವಲ್ಪ ಹೊತ್ತು ಮಾತೇ ಆಡಲಿಲ್ಲ. ಆಮೇಲೆ, ‘ಇದಕ್ಕೆ ಮಸಾಲೆ ಹಾಕಿದ್ರೆ ಪಾಪ’ ಅಂದಳು. ಬಿಲ್ಲೆ ತಾನಾಗಿ ಉರಿದು ಆರಿಹೋಗುವಷ್ಟರಲ್ಲಿ ತಟ್ಟೆ ಖಾಲಿ.

ಮಾಂಸ ಎಲ್ಲ ಸೇರಿ ಒಬ್ಬರಿಗೆ 150 ಗ್ರಾಂ ಇರಬಹುದು. ಕಮ್ಮಿ ಅನಿಸುತ್ತೆ ಅಲ್ವಾ? ಈ ಕೊಬ್ಬಿಗೆ ಅಷ್ಟೇ ಸರಿ. ಜಾಸ್ತಿ ಮಾಂಸದ ಸೆಟ್‌ಗೆ 6,000 ಯೆನ್ ಹೆಚ್ಚು ಕೇಳುತ್ತಾರೆ, ಕೊಡಬೇಡಿ. ಕೊನೆಗೆ ಅನ್ನ, ಕೆಂಪು ಮಿಸೋ ಸಾರು, ಬೆಳಿಗ್ಗೆ ಸಂತೆಯಲ್ಲಿ ಕಂಡ ಅದೇ ಕೆಂಪು ಗೆಡ್ಡೆಯ ಉಪ್ಪಿನಕಾಯಿ. ಆ ಹುಳಿ ಬಾಯಿಯ ಜಿಡ್ಡನ್ನು ತೊಳೆದುಬಿಡುತ್ತದೆ.

ನಾವು ಕೇಳಿದ ಮೇಲೆ ಆ ಅಮ್ಮ ಪ್ರಮಾಣಪತ್ರದ ಪ್ರತಿ ತಂದು ತೋರಿಸಿದರು. 10 ಅಂಕಿ ನಂಬರ್ ಇತ್ತು. ಗೆಳೆಯನೇ ಮೊಬೈಲ್‌ನಲ್ಲಿ ಹಾಕಿದ. ಹುಟ್ಟಿದ ತಾರೀಕು, ಗಿಫು ಪ್ರಾಂತ್ಯ, ಎಲ್ಲ ಬಂತು. ತಟ್ಟೆಯಲ್ಲಿದ್ದದ್ದು ಒಂದು ದಿನ ಹುಟ್ಟಿ, ಒಂದು ಕೊಟ್ಟಿಗೆಯಲ್ಲಿ ಬೆಳೆದ ಪ್ರಾಣಿ ಅಂತ ಹಾಗೆ ತಾರೀಕಿನ ಸಮೇತ ನನಗೆ ಯಾವತ್ತೂ ಕಂಡಿರಲಿಲ್ಲ. ಹೆಂಡತಿ ಊಟ ಮುಗಿಸುವ ಮುಂಚೆ ಇನ್ನೊಂದು ಸಲ ಶಿಲುಬೆ ಗುರುತು ಹಾಕಿದಳು.

ಅಲ್ಲಿ ತಿಳಿದ ಇನ್ನೊಂದು ವಿಷಯ ಹೇಳಲೇಬೇಕು. ಬೀಫ್ ಜಪಾನಿನ ಹಳೇ ಊಟ ಅಂತ ನಾನು ಅಂದುಕೊಂಡಿದ್ದೆ. ಅಲ್ಲ. 675ರಲ್ಲೇ ತೆನ್ಮು ಚಕ್ರವರ್ತಿ ದನ, ಕುದುರೆ, ನಾಯಿ, ಕೋತಿ, ಕೋಳಿ ತಿನ್ನಬಾರದು ಅಂತ ಆಜ್ಞೆ ಹೊರಡಿಸಿದ್ದರು. ಆಮೇಲೆ ಸಾವಿರ ವರ್ಷಕ್ಕೂ ಹೆಚ್ಚು ಕಾಲ ದನದ ಮಾಂಸ ಸಾಮಾನ್ಯ ಊಟವಾಗಲೇ ಇಲ್ಲ. 1872ರಲ್ಲಿ ಮೇಜಿ ಚಕ್ರವರ್ತಿ ಬೀಫ್ ತಿಂದದ್ದು ಸುದ್ದಿಯಾದ ಮೇಲೆ ಜನ ಧೈರ್ಯವಾಗಿ ತಿನ್ನತೊಡಗಿದರು. ಹಿದಾದಲ್ಲೂ ದನ ಇದ್ದದ್ದು ಉಳುಮೆಗೆ, ಹೊರೆ ಹೊರಲು. ಈಗಿನ ಹಿದಾ ಬೀಫಿನ ಬೇರು 1981ರಲ್ಲಿ ಹ್ಯೋಗೋ ಪ್ರಾಂತ್ಯದಿಂದ ತಂದ ಯಾಸುಫುಕು ಅನ್ನುವ ಒಂದು ಹೋರಿ. ನೋಡಿ, ಊಟದ ಕ್ರಮ ಹಳೆಯದು, ಹೋಬಾ ಎಲೆ ಹಳೆಯದು, ಎಲೆಯ ಮೇಲಿನ ಮಾಂಸ ನನಗಿಂತ ಚಿಕ್ಕ ವಯಸ್ಸಿನದು. ಈ ಮಾತು ಗೆಳೆಯನಿಗೆ ತುಂಬಾ ಹಿಡಿಸಿತು.

ಅವನ ಊಟದ ಬಗ್ಗೆ. ಬುಕ್ ಮಾಡುವಾಗಲೇ ‘ಒಬ್ಬರಿಗೆ ಬೀಫ್ ಬೇಡ’ ಅಂತ ಬರೆದಿದ್ದೆವು. ಅವನಿಗೆ ಉಪ್ಪು ಹಚ್ಚಿ ಸುಟ್ಟ ಇವಾನಾ ಮೀನು, ಅದೇ ಥರದ ಇನ್ನೊಂದು ಎಲೆಯ ಮೇಲೆ ತೋಫು. ಪ್ರತಿ ಸರದಿಗೂ ನಮ್ಮ ಜೊತೆಗೇ ಬಂತು, ಒಂದು ಸಲವೂ ಅವನು ಖಾಲಿ ಕೂರಲಿಲ್ಲ. ಹೋದ ಮೇಲೆ ಹೇಳಿದರೆ ಆಗುವುದಿಲ್ಲ. ಪೂರ್ತಿ ಸಸ್ಯಾಹಾರಿಗಳು ಇನ್ನೂ ಎಚ್ಚರ ಇರಬೇಕು. ತೋಫು, ತರಕಾರಿ ಕಂಡರೂ ಸಾರಿಗೆ ಒಣ ಮೀನಿನ ‘ದಾಶಿ’ ಹಾಕಿರುತ್ತಾರೆ. ಅಂಥವರು ಬೌದ್ಧ ಮಠದ ‘ಶೋಜಿನ್’ ಊಟ ಮಾಡುವ ಜಾಗ ಬೇರೆಯೇ ನೋಡಿಕೊಳ್ಳಿ, ತಾಕಾಯಾಮಾದಲ್ಲಿ ಅದೂ ಸಿಗುತ್ತದೆ.

ಕಷ್ಟಗಳೂ ಇವೆ. ಗೋಡೆ ತೆಳು, ಪಕ್ಕದ ಕೋಣೆಯವರ ಕೆಮ್ಮು ಕೇಳುತ್ತದೆ. ಓಣಿ ಕೊರೆಯುವ ಚಳಿ. ಎರಡು ಗಂಟೆ ನೆಲದ ಮೇಲೆ ಕೂತು ಊಟ, ನೆಲದಲ್ಲಿ ಕೂತು ಅಭ್ಯಾಸ ಇರುವ ನನಗೇ ಮಂಡಿ ಹಿಡಿಯಿತು. ಅಪ್ಪ ಅಮ್ಮನನ್ನು ಕರೆದುಕೊಂಡು ಹೋಗುವವರು ಕುರ್ಚಿ ಮೇಜಿನ ಕೋಣೆ ಕೇಳಿ. ರಾತ್ರಿ ತಂಗುವುದು ಬೇಡ, ಊಟ ಮಾತ್ರ ಸಾಕು ಅನ್ನುವವರಿಗೆ ಹಳೇ ಮನೆಗಳಲ್ಲೇ ನಡೆಯುವ ಹೋಟೆಲ್‌ಗಳಿವೆ. ಅಲ್ಲೂ ರಾತ್ರಿಗಿಂತ ಮಧ್ಯಾಹ್ನದ ಸೆಟ್ ಎಷ್ಟೋ ಅಗ್ಗ.

ಏಪ್ರಿಲ್ 14-15, ಅಕ್ಟೋಬರ್ 9-10 ಊರ ಹಬ್ಬ, ರಥಗಳು ಹೊರಡುತ್ತವೆ. ಆಗ ಕೋಣೆ ಸಿಗುವುದು ಕಷ್ಟ, ನನ್ನಂಥವರು ಆ ದಿನಗಳನ್ನು ಬಿಟ್ಟುಬಿಡಿ. ಕಾನಾಜಾವಾದಿಂದ ಬರುವುದಾದರೆ ಬಸ್ ಬೇಡ. ತೊಯಾಮಾವರೆಗೆ ಶಿಂಕಾನ್ಸೆನ್ ಬುಲೆಟ್ ರೈಲು, ಅಲ್ಲಿಂದ ‘ಹಿದಾ’ ಎಕ್ಸ್‌ಪ್ರೆಸ್ ರೈಲು, ಒಂದೂವರೆ ಗಂಟೆ, ದಾರಿಯುದ್ದಕ್ಕೂ ನದಿ ಕಾಣುತ್ತದೆ. ದಿನಕ್ಕೆ ಕೆಲವೇ ರೈಲು, ವೇಳೆ ನೋಡಿಕೊಂಡು ಹೊರಡಿ. ಸಂಜೆ ನಾಲ್ಕು ಗಂಟೆಯೊಳಗೆ ಊರು ಸೇರಿದರೆ, ಸ್ನಾನ ಮಾಡಿ, ಹಸಿವು ಇಟ್ಟುಕೊಂಡು, ಆರೂವರೆಗೆ ಎಲೆಯ ಮುಂದೆ ಕೂರಬಹುದು.